ಯಿಲ್ಮಾಜ್ ಗುನೆಯ್

ಯಿಲ್ಮಾಜ್ ಗುನೆಯ್ (ಏಪ್ರಿಲ್ 1, 1937 – ಸೆಪ್ಟೆಂಬರ್ 9, 1984) ಟರ್ಕಿ ದೇಶದ ಚಲನಚಿತ್ರ ನಟರು, ಚಿತ್ರಕಥಾ ಲೇಖಕರು, ನಿರ್ದೇಶಕರು ಹಾಗೂ ಕಾದಂಬರಿಕಾರರು. ಅವರಿಗೆ ಜಗತ್ಪ್ರಸಿದ್ಧಿ ತಂದ ಚಿತ್ರಗಳು ಅವರು ಸೆರೆಮನೆಯಲ್ಲಿದ್ದಾಗ ಚಿತ್ರೀಕರಣಗೊಂಡವು ಎಂಬುದು ವಿಶೇಷ.

ಆರಂಭಿಕ ಜೀವನ

ಹುಟ್ಟಿದ್ದು ದಕ್ಷಿಣ ಟರ್ಕಿಯ ಅಡಾನಾ ಬಳಿಯ ಯೆನಿಜೆ ಗ್ರಾಮದಲ್ಲಿ. ಮೂಲ ಹೆಸರು ಯಿಲ್ಮಾಜ್ ಪುಟುನ್. ತಂದೆತಾಯಿಗಳು ಪೂರ್ವ ಪ್ರಾಂತ್ಯಗಳಿಂದ ವಲಸೆ ಬಂದ ಕುರ್ದರು, ಹತ್ತಿಹೊಲಗಳ ಕೂಲಿಗಳು. ಯಿಲ್ಮಾಜ್ ಅಂಕಾರಾದಲ್ಲಿ ಕಾನೂನನ್ನೂ ಇಸ್ತಾಂಬುಲ್‌ನಲ್ಲಿ ಅರ್ಥಶಾಸ್ತ್ರವನ್ನೂ ಓದತೊಡಗಿದರು. ನಿರ್ದೇಶಕ ಆತಿಫ್ ಯಿಲ್ಮಾಜ್ ಅವರ ಕೈಕೆಳಗೆ ಬರೆಯುತ್ತ, ನಟಿಸುತ್ತ ಚಿತ್ರರಂಗ ಪ್ರವೇಶಿಸಿದರು. ಕಥೆಯೊಂದರಲ್ಲಿ ಕಮ್ಯುನಿಸ್ಟ್ ಪ್ರಚಾರವಿದೆಯೆಂಬ ಆರೋಪದ ಮೇಲೆ 1961ರಲ್ಲಿ ಮೊದಲ ಬಾರಿಗೆ ಸೆರೆವಾಸ ಅನುಭವಿಸಿದರು. ಹಳ್ಳಿಯ ಕೂಲಿಗಳ ಬದುಕನ್ನು ಕುರಿತ ಅವರ ಕಾದಂಬರಿಗೆ 1972ರಲ್ಲಿ ಓರ್ಹಾನ್ ಕೆಮಾಲ್ ಪ್ರಶಸ್ತಿ ದೊರೆಯಿತು.

ಜನಪ್ರಿಯ ನಟ

1960ರ ದಶಕದ ಟರ್ಕಿಯ ನಾಯಕನಟರು ನುಣುಪು ಮುಖದವರು. ಒರಟು ಚಹರೆಯ, ಬಡವರ ಪರವಾಗಿ ಬಂದೂಕು ಹಿಡಿಯುವ ಗುನೆಯ್ ಅವರನ್ನು ಪ್ರೇಕ್ಷಕರು ‘ಕುರೂಪಿ ದೊರೆ’ ಎಂದು ಅಕ್ಕರೆಯಿಂದ ಕರೆದರು. ಕೆಲವು ವರ್ಷಗಳಲ್ಲಿ ಇಪ್ಪತ್ತರಷ್ಟು ಚಿತ್ರಗಳಲ್ಲಿ ಅವರು ನಟಿಸಿದ್ದುಂಟು. ಇವುಗಳಲ್ಲಿ ಹೆಚ್ಚಿನವು ಸಾಮಾನ್ಯ ಹೊಡೆದಾಟದ ಚಿತ್ರಗಳೇ. ಲುತ್ಫಿ ಅಕಾದ್ ನಿರ್ದೇಶನದ ‘ಹುದುತ್ಲಾರಿನ್ ಕಾನುನು’ (ಗಡಿಯ ಕಾನೂನು, 1966) ಮಾತ್ರ ಬೇರೆಯೇ ತೂಕದ್ದು.

ನಿರ್ದೇಶಕ

‘ಉಮುತ್’ (ಭರವಸೆ, 1970) ಚಿತ್ರದ ಜಬ್ಬಾರ್ ಅಡಾನಾದಲ್ಲಿ ಜಟಕಾ ಹೊಡೆಯುವವನು. ಅವನ ಕುದುರೆಯೊಂದು ಕಾರಿಗೆ ಸಿಕ್ಕಿ ಸಾಯುತ್ತದೆ. ನ್ಯಾಯ ಕಾರಿನವನ ಪಾಲಾಗುತ್ತದೆ. ಲಾಟರಿ ಟಿಕೆಟ್ಟುಗಳೂ ಕೈಕೊಟ್ಟಮೇಲೆ ಜಬ್ಬಾರ್ ನಿಧಿಗಾಗಿ ನೆಲ ಅಗೆಯಲು ಹೊರಡುತ್ತಾನೆ. ಎದುರಾಳಿಗಳನ್ನೆಲ್ಲ ಮಣಿಸುತ್ತಿದ್ದ ‘ದೊರೆ’ ಇಲ್ಲಿ ಯಾರನ್ನೂ ಸೋಲಿಸುವುದಿಲ್ಲ. ಸೆನ್ಸಾರ್ ಮಂಡಳಿ ಚಿತ್ರವನ್ನು ನಿಷೇಧಿಸಿತು.

ಸೆರೆವಾಸ ಮತ್ತು ಚಿತ್ರಗಳು

ಎಡಪಂಥೀಯ ವಿದ್ಯಾರ್ಥಿಗಳಿಗೆ ಆಶ್ರಯ ನೀಡಿದ ಆರೋಪದ ಮೇಲೆ 1972ರಲ್ಲಿ ಬಂಧಿತರಾದ ಅವರು 1974ರ ಸಾರ್ವತ್ರಿಕ ಕ್ಷಮಾದಾನದಲ್ಲಿ ಹೊರಬಂದರು. ಅದೇ ಸೆಪ್ಟೆಂಬರಿನಲ್ಲಿ ಯುಮುರ್ತಾಲಿಕ್ ಪಟ್ಟಣದಲ್ಲಿ ನಡೆದ ಜಗಳವೊಂದರಲ್ಲಿ ನ್ಯಾಯಾಧೀಶರೊಬ್ಬರು ಗುಂಡೇಟಿನಿಂದ ಸತ್ತರು. ಕೊಲೆಯ ಅಪರಾಧಕ್ಕಾಗಿ ಗುನೆಯ್ ಅವರಿಗೆ 19 ವರ್ಷಗಳ ಶಿಕ್ಷೆಯಾಯಿತು. ಹಿಂದಿನ ಸೆರೆವಾಸಗಳಂತೆ ಇದನ್ನು ಬರಹದ, ವಿಚಾರದ ಕಾರಣಕ್ಕೆ ಬಂದ ಶಿಕ್ಷೆಯೆಂದು ಹೇಳಲಾಗದು. ಅಭಿಮಾನಿಗಳ ಬರಹಗಳಲ್ಲಿ ಈ ವ್ಯತ್ಯಾಸ ಅನೇಕ ವೇಳೆ ಮರೆಯಾಗುತ್ತದೆ.

ಆಗ ಚಿತ್ರೀಕರಣದಲ್ಲಿದ್ದ ‘ಎಂದಿಶೆ’ಯನ್ನು ಶೆರಿಫ್ ಗೊರೆನ್ ಮುಗಿಸಿದರು. ಮುಂದೆ ಗುನೆಯ್ ಸೆರೆಮನೆಯಲ್ಲಿ ಕುಳಿತೇ ವಿವರವಾದ ಚಿತ್ರಕಥೆಗಳನ್ನು ಬರೆದು, ಗೆಳೆಯರಿಗೆ ಸೂಚನೆ ಕೊಟ್ಟು ಚಿತ್ರ ಮಾಡಿಸತೊಡಗಿದರು. ಜೆಕಿ ಒಕ್ತೆನ್ ನಿರ್ದೇಶಿಸಿದ ‘ಸುರು’ (ಹಿಂಡು, 1978) ಕುರಿಗಳನ್ನು ರೈಲಿನಲ್ಲಿ ಅಂಕಾರಾಕ್ಕೆ ಮಾರಲು ಒಯ್ಯುವ ಅಲೆಮಾರಿ ಕುಟುಂಬದ ಕಥೆ. ಅದಕ್ಕೆ ಲೊಕಾರ್ನೊ ಚಿತ್ರೋತ್ಸವದ ಚಿನ್ನದ ಚಿರತೆ ಪ್ರಶಸ್ತಿ ಸಂದಿತು. ‘ಯೋಲ್’ (ದಾರಿ, 1982) ಕೆಲವು ದಿನಗಳ ರಜೆಯ ಮೇಲೆ ಊರಿಗೆ ಹೊರಟ ಐವರು ಕೈದಿಗಳನ್ನು ಕುರಿತದ್ದು. ಇದನ್ನು ಚಿತ್ರೀಕರಿಸಿದವರು ಗೊರೆನ್. ‘ಯೋಲ್’ ಅನ್ನು ಗುನೆಯ್ ಒಬ್ಬರ ಹೆಸರಿಗೇ ಬರೆದುಬಿಡುವ ರೂಢಿ ಗೊರೆನ್ ಅವರಿಗೆ ನ್ಯಾಯ ಒದಗಿಸುವುದಿಲ್ಲ.

ದೇಶಾಂತರ

1981ರ ಅಕ್ಟೋಬರಿನಲ್ಲಿ ತಾವೂ ರಜೆಯ ಮೇಲೆ ಹೊರಬಂದ ಗುನೆಯ್ ಸೆರೆಮನೆಗೆ ಮರಳಲಿಲ್ಲ. ದೇಶ ಬಿಟ್ಟು, ‘ಯೋಲ್’ ಚಿತ್ರವನ್ನು ಸ್ವಿಟ್ಜರ್‌ಲೆಂಡಿನಲ್ಲಿ ಸಂಕಲಿಸಿದರು. 1982ರ ಕಾನ್ ಚಿತ್ರೋತ್ಸವದಲ್ಲಿ ಅದು ಕೋಸ್ತಾ ಗಾವ್ರಾಸ್ ಅವರ ‘ಮಿಸ್ಸಿಂಗ್’ ಜೊತೆ ಪಾಮ್ ದೋರ್ ಪ್ರಶಸ್ತಿ ಹಂಚಿಕೊಂಡಿತು. ಟರ್ಕಿ ಸರ್ಕಾರ ಅವರ ಪೌರತ್ವವನ್ನು ರದ್ದುಪಡಿಸಿತು. ಬಾಲಕೈದಿಗಳ ಬವಣೆಯನ್ನು ತೋರುವ ‘ದುವಾರ್’ (ಗೋಡೆ, 1983) ಅವರ ಕೊನೆಯ ಚಿತ್ರ; ಟರ್ಕಿಯ ಸೆರೆಮನೆಯನ್ನು ಫ್ರಾನ್ಸಿನಲ್ಲೇ ಮರುಸೃಷ್ಟಿಸಿ ಅದನ್ನು ಚಿತ್ರೀಕರಿಸಿದರು.

ಹೊಟ್ಟೆಯ ಕ್ಯಾನ್ಸರಿನಿಂದ ಗುನೆಯ್ ಪ್ಯಾರಿಸ್‌ನಲ್ಲಿ 47ನೆಯ ವಯಸ್ಸಿನಲ್ಲಿ ನಿಧನರಾದರು. ಸಮಾಧಿ ಅಲ್ಲಿನ ಪೆರ್ ಲಾಶೇಸ್ ಸ್ಮಶಾನದಲ್ಲಿದೆ. ‘ಯೋಲ್’ ಟರ್ಕಿಯ ಚಿತ್ರಮಂದಿರಗಳಿಗೆ ಬಂದದ್ದು 1999ರಲ್ಲಿ.