ವರ್ತಕ ವಿಲಿಯಂ ವಾರ್ಡರ ಚರಿತ್ರೆ

ಲಂಡನ್ ನಗರದ ಲಾರ್ಡ್ಸ್ ಎಂಬ ಕ್ರೀಡಾಂಗಣದ ಹೆಸರನ್ನು ನಮ್ಮ ಹಳ್ಳಿಗಳ ಹುಡುಗರೂ ಬಲ್ಲರು. ಅದು ಪ್ರಭುಗಳು ಆಡುತ್ತಿದ್ದ ಸ್ಥಳವಾದುದರಿಂದ ಆ ಹೆಸರು ಬಂದಿತೆಂದು ಹಲವರು ಭಾವಿಸಿರುವುದುಂಟು. ವಾಸ್ತವದಲ್ಲಿ ಥಾಮಸ್ ಲಾರ್ಡ್ ಎಂಬ ದ್ರಾಕ್ಷಾಮದ್ಯದ ವ್ಯಾಪಾರಿಯು ಅದನ್ನು ಸ್ಥಾಪಿಸಿದುದರಿಂದ ಆತನ ಹೆಸರೇ ನೆಲೆನಿಂತಿತು. ಆದರೆ ಸ್ಥಾಪಿಸಿದವನೇ ಅದನ್ನು ಕೈಬಿಡಲು ಹೊರಟಾಗ, ಸ್ವಂತ ದ್ರವ್ಯವನ್ನು ವ್ಯಯಮಾಡಿ ಉಳಿಸಿಕೊಟ್ಟ ಮಹನೀಯರು ಬೇರೊಬ್ಬರು. ಅವರ ಹೆಸರು ಆ ಅಂಗಣಕ್ಕೆ ಬರಲಿಲ್ಲ.

ವಿಲಿಯಂ ವಾರ್ಡರು 1787ನೆಯ ಇಸವಿ ಜುಲೈ 24ರಂದು ಲಂಡನ್ನಿನ ಇಸ್ಲಿಂಗ್ಟನ್ ಭಾಗದಲ್ಲಿ ಜನಿಸಿದರು. ತಂದೆ ಜಾರ್ಜ್ ವಾರ್ಡರು ಆ ನಗರದ ಸ್ಥಿತಿವಂತ ವರ್ತಕರು. ಬಾಲಕನು ವಿಂಚೆಸ್ಟರಿನ ಪ್ರಾಚೀನ ವಿದ್ಯಾಶಾಲೆಯಲ್ಲಿ ಓದಿ, ತರುವಾಯ ಆಂಟ್‌ವರ್ಪ್ ಪಟ್ಟಣದ ಸಾಹುಕಾರಿ ಕೋಠಿಯೊಂದರಲ್ಲಿ ಹಣದ ವ್ಯವಹಾರವನ್ನು ಅಭ್ಯಾಸಮಾಡಿ ಬಂದನು. ಪರದೇಶಗಳ ನಾಣ್ಯವಿನಿಮಯದಲ್ಲಿ ಇವರಿಗೆ ದೊರೆತ ಪರಿಜ್ಞಾನವು ಅಪೂರ್ವವಾದುದಾಗಿದ್ದು, 1817ರಲ್ಲಿ, ಮೂವತ್ತನೆಯ ವಯಸ್ಸಿನಲ್ಲಿ, ಬ್ಯಾಂಕ್ ಆಫ್ ಇಂಗ್ಲೆಂಡಿನ ನಿರ್ದೇಶಕರ ಪದವಿಯನ್ನು ಪಡೆದರು.

ಆ ಕಾಲದಲ್ಲಿ ಕ್ರಿಕೆಟ್ ಆಡುವವರಲ್ಲಿ ಎರಡು ವರ್ಗಗಳಿದ್ದವು. ಹಣ ಪಡೆದು ಆಡುವವರು ಒಂದು ವರ್ಗ. ಕೇವಲ ಸಂತೋಷಕ್ಕಾಗಿ ಆಡುವ ಗೃಹಸ್ಥರು ಇನ್ನೊಂದು. ವಾರ್ಡರು ಈ ಎರಡನೆಯವರಲ್ಲಿ ಅಗ್ರಗಣ್ಯರು. ಬೌಲರು ಚೆಂಡನ್ನು ಕೈ ಕೆಳಗಿಟ್ಟು ಎಸೆಯುತ್ತಿದ್ದ ದಿನಗಳವು. ಮೈದಾನದ ಹುಲ್ಲನ್ನು ಕುರಿಗಳು ಮೇದು ಸಮಮಾಡುತ್ತಿದ್ದವು. ಅಂತಹ ಒರಟು ನೆಲದಲ್ಲಿ ನೂರು ಓಟಗಳನ್ನು ಗಳಿಸುವುದೇ ದುರ್ಲಭವಾಗಿರಲು, 1820ನೆಯ ಇಸವಿ ಜುಲೈ 24ರಂದು, ತಮ್ಮ ಹುಟ್ಟಿದ ದಿನವೇ ಆರಂಭವಾದ ಪಂದ್ಯದಲ್ಲಿ, ಮೇರಿಲೆಬೋನ್ ಸಂಘದ ಪರವಾಗಿ ನಾರ್ಫೋಕ್ ತಂಡದ ಎದುರು ಇವರು 278 ಓಟಗಳನ್ನು ಗಳಿಸಿದರು. ಇವರ ದಾಂಡಿನ ತೂಕ 4 ರಾತ್ಲು! ಈಗಿನ ದಾಂಡುಗಳು ಸಾಮಾನ್ಯವಾಗಿ 3 ರಾತ್ಲಿಗೂ ಕಡಿಮೆಯಾಗಿರುವುವು. ಪ್ರಮುಖ ಪಂದ್ಯಗಳಲ್ಲಿ ಈ ಮೊತ್ತವನ್ನು 1876ರಲ್ಲಿ ಡಬ್ಲ್ಯು. ಜಿ. ಗ್ರೇಸರು 344 ಓಟಗಳಿಂದ ಮೀರಿದರು. ಲಾರ್ಡ್ಸ್ ಅಂಗಣದಲ್ಲಿ ಮಾತ್ರ ಅದು 1925ರ ವರೆಗೆ, ಒಂದು ನೂರ ಐದು ವರ್ಷ, ಅಜೇಯವಾಗಿ ನಿಂತಿತು.

ಇನ್ನು ಮುಖ್ಯ ಸಂಗತಿಗೆ ಬರುವೆವು. ಥಾಮಸ್ ಲಾರ್ಡನು 1787ರಲ್ಲಿ ಮೊದಲನೆಯ ಅಂಗಣವನ್ನೂ 1811ರಲ್ಲಿ ಎರಡನೆಯದನ್ನೂ ತೆರೆದಿದ್ದನು. ಕಾಲುವೆಯೊಂದು ಎರಡನೆಯ ಅಂಗಣದ ಮೇಲೆಯೇ ಹಾಯಬೇಕಾಗಿ ಬಂದುದರಿಂದ ಅದನ್ನೂ ಬಿಟ್ಟು, 1814ರಲ್ಲಿ ಈಗಿನ ಸ್ಥಳಕ್ಕೆ ಬಂದನು. ಹುಲ್ಲಿನ ಹೆಂಟೆಗಳನ್ನು ಸಹ ಕಿತ್ತು ಹೊತ್ತು ತರುತ್ತಿದ್ದನೆಂದ ಮೇಲೆ ಆತನಿಗೆ ಆ ನೆಲದ ಮೇಲೆ ಮಮತೆ ಇರಲಿಲ್ಲವೆನ್ನಲಾಗದು. ಆದರೂ ಆಟದಿಂದ ಬರುವ ಆದಾಯವು ಸ್ವಲ್ಪ. ಸುತ್ತಲೂ ನಗರವು ಬೆಳೆದು ನಿವೇಶನಗಳ ಬೆಲೆ ಏರುತ್ತಿತ್ತು. 1825ರಲ್ಲಿ ಆತನು ಅಂಗಣದ ಬಹುಭಾಗದಲ್ಲಿ ಮನೆಗಳನ್ನು ಕಟ್ಟಲು ಭೂಮಾಲೀಕರಿಂದ ಅಪ್ಪಣೆ ಪಡೆದನು. ನಮ್ಮ ಊರುಗಳ ಗೋಮಾಳಗಳು ಒಂದೊಂದಾಗಿ ಮನೆಗಳ ಸಾಲಿಗೆ ಸೇರಿಹೋದುದನ್ನು ಕಂಡವರಿಗೆ ಈ ಕಥೆಯನ್ನು ವಿಸ್ತರಿಸಿ ಹೇಳಬೇಕಾಗಿಲ್ಲ. ಆಗ ವಾರ್ಡರು ಮುಂದೆ ಬಂದು, ಗುತ್ತಿಗೆಯ ಹಕ್ಕಿಗೆ ಲಾರ್ಡನು ಕೇಳಿದ 5,000 ಪೌಂಡುಗಳನ್ನು ಕೊಟ್ಟು ಅಂಗಣವನ್ನು ತಮ್ಮದಾಗಿ ಮಾಡಿಕೊಂಡರು. ಲಾಭನಷ್ಟಗಳನ್ನು ಎಣಿಸುವುದೇ ಕಸುಬಾಗಿದ್ದ ಒಬ್ಬ ವರ್ತಕರಿಗೆ ಇದು ಲಾಭದ ವ್ಯವಹಾರವಲ್ಲವೆಂಬುದು ತಿಳಿಯದೆ ಇರಲಿಲ್ಲ.

ಅದೇ ವರ್ಷ ಜುಲೈ ತಿಂಗಳಲ್ಲಿ, ವಿಂಚೆಸ್ಟರ್ ಮತ್ತು ಹ್ಯಾರೋ ಶಾಲೆಗಳ ಬಾಲಕರು ಆಡಿ ಮುಗಿಸಿದ ರಾತ್ರಿ, ಅಲ್ಲಿದ್ದ ಮರದ ಕಟ್ಟಡವು ಬೆಂಕಿಗೆ ಆಹುತಿಯಾಯಿತು. ಅದರೊಳಗಿದ್ದ ಹಳೆಯ ಪಂದ್ಯಗಳ ದಾಖಲೆಗಳೂ ಸುಟ್ಟುಹೋದವು. ಗ್ರಂಥಗಳನ್ನೂ ಕಡತಗಳನ್ನೂ ಕಾಪಾಡುವ ಕೆಲಸದಲ್ಲಿರುವ ನಮ್ಮಂತಹವರಿಗೆ ಕಟ್ಟಡಕ್ಕಿಂತ ಈ ನಷ್ಟವೇ ದೊಡ್ಡದೆನಿಸುವುದು. ಏಕೆಂದರೆ ಮರುವರ್ಷವೇ ಹೊಸ ಕಟ್ಟಡವು ಎದ್ದಿತು, ಕಾಗದಗಳು ಮರಳಲಿಲ್ಲ.

1826ರಲ್ಲಿ ವಾರ್ಡರು ಲಂಡನ್ ನಗರದ ಪ್ರತಿನಿಧಿಯಾಗಿ ಪಾರ್ಲಿಮೆಂಟನ್ನು ಪ್ರವೇಶಿಸಿದರು. 1830ರಲ್ಲಿ ಈಸ್ಟ್ ಇಂಡಿಯಾ ಕಂಪನಿಯ ವ್ಯವಹಾರಗಳನ್ನು ವಿಚಾರಿಸಿದ ಸಮಿತಿಗೆ ಅಧ್ಯಕ್ಷರಾಗಿದ್ದರು. ಚೀನಾದೊಡನೆ ವ್ಯಾಪಾರಮಾಡುವ ಕಂಪನಿಯ ಏಕಸ್ವಾಮ್ಯವು 1833ರ ಶಾಸನದಿಂದ ಕೊನೆಗಂಡಿತು. 1831ರಲ್ಲಿ ಸಭೆಯಿಂದ ನಿವೃತ್ತರಾದರು.

ಐಶ್ವರ್ಯವು ಇವರಲ್ಲಿ ಸ್ಥಿರವಾಗಿ ನಿಲ್ಲಲಿಲ್ಲ. ಕೈ ಬರಿದಾಗುತ್ತ ಬರಲು, ಹತ್ತು ವರ್ಷ ಕಾಪಾಡಿದ ಅಂಗಣದ ಗುತ್ತಿಗೆಯನ್ನು 1835ರಲ್ಲಿ ಜೇಮ್ಸ್ ಡಾರ್ಕ್ ಎಂಬುವರಿಗೆ ವಹಿಸಬೇಕಾಯಿತು. ಡಾರ್ಕರೂ ಆಟಗಾರರೇ ಆಗಿದ್ದುದು ಪುಣ್ಯ, ಆಟವು ನಿಲ್ಲಲಿಲ್ಲ. ವಾರ್ಡರು ಮಾತ್ರ ಒಡೆತನ ಹೋಯಿತೆಂದು ಮುನಿದು ದೂರವಾಗದೆ, 1845ರ ವರೆಗೂ ದೊಡ್ಡ ಪಂದ್ಯಗಳಲ್ಲಿ ಕಾಣಿಸಿಕೊಂಡರು. ಇವರ ಹಿರಿಯ ಮಗ ವಿಲಿಯಂ ಜಾರ್ಜ್ ವಾರ್ಡನಾದರೋ ತಂದೆಯ ಎರಡು ದಾರಿಗಳನ್ನೂ ಹಿಡಿಯದೆ, ಆಕ್ಸ್‌ಫರ್ಡಿನಲ್ಲಿ ಮತತತ್ತ್ವದ ಪಂಡಿತನಾಗಿ, ತನ್ನ ಗ್ರಂಥವೊಂದರ ಕಾರಣ ಅದೇ 1845ರಲ್ಲಿ ವಿಶ್ವವಿದ್ಯಾಲಯದ ಪದವಿಗಳನ್ನು ಕಳೆದುಕೊಂಡನು.

1849ನೆಯ ಇಸವಿ ಜೂನ್ 30ರಂದು ವಾರ್ಡರು ಲಂಡನ್ನಿನಲ್ಲಿ ಕಾಲವಾದರು. ಅವರು ಬಿಡಿಸಿಕೊಟ್ಟ ನೆಲವನ್ನು ಮೇರಿಲೆಬೋನ್ ಸಂಘವು 1866ರಲ್ಲಿ ಪೂರ್ಣಸ್ವಾಮ್ಯದಿಂದ ಕೊಂಡುಕೊಂಡಿತು.