ಯಂತ್ರಕ್ಕೂ ಕನ್ನಡ ಬರಲೆಂದು ಹಟ ಹಿಡಿದ ತೇಜಸ್ವಿ

ಗಡಹಿಂಗ್ಲಜ, ಇಚಲಕರಂಜಿ, ಕೊಲ್ಹಾಪುರಗಳ ಕನ್ನಡ ಮನೆಗಳಿಗೆಲ್ಲ ಈಗ ಮೊಬೈಲ್ ಬಂದಿದೆ. ಆದರೆ ಮನೆಯಲ್ಲಿ ಕನ್ನಡವನ್ನೇ ಆಡುವ ನಾವು ಸಂದೇಶ ಕಳಿಸುವಾಗ ಮಾತ್ರ ಅದೇ ಕನ್ನಡವನ್ನು ಇಂಗ್ಲಿಷ್ ಅಕ್ಷರಗಳಲ್ಲಿ ಬರೆಯುತ್ತೇವೆ. ಮಕ್ಕಳು ಶಾಲೆಯಲ್ಲಿ ಕಲಿತ ಲಿಪಿ ಪಾಟಿಯಲ್ಲಿಯೇ ಉಳಿಯುತ್ತಿದೆ. ಇಂಥ ಅಪಾಯವನ್ನು ಮೊದಲೇ ಕಂಡು ಎಚ್ಚರಿಸಿದವರಲ್ಲಿ ಪೂರ್ಣಚಂದ್ರ ತೇಜಸ್ವಿಯವರು ಪ್ರಮುಖರು.

ಕುವೆಂಪು ಅವರ ಹಿರಿಯ ಮಗನಾಗಿ 1938ರ ಸೆಪ್ಟೆಂಬರ್ 8ರಂದು ಜನಿಸಿದ ತೇಜಸ್ವಿ, ಮೈಸೂರಿನಲ್ಲಿ ಓದು ಮುಗಿಸಿ ನೌಕರಿಯ ಹಾದಿ ಹಿಡಿಯದೆ ಮೂಡಿಗೆರೆಯಲ್ಲಿ ಕಾಫಿ ತೋಟ ಮಾಡಿದರು. ‘ಕರ್ವಾಲೊ’ ಬರೆದರು, ‘ಚಿದಂಬರ ರಹಸ್ಯ’ಕ್ಕೆ ಕೇಂದ್ರ ಸಾಹಿತ್ಯ ಅಕಾಡೆಮಿ ಪ್ರಶಸ್ತಿ ಪಡೆದರು. ಹಕ್ಕಿಗಳ ಛಾಯಾಚಿತ್ರ ತೆಗೆದ ಕೈಗಳೇ ಮುಂದೆ ಕಂಪ್ಯೂಟರನ್ನೂ ಪಳಗಿಸಿದವು.

ಆ ಕಾಲದಲ್ಲಿ ಕನ್ನಡದ ಒಂದೊಂದು ತಂತ್ರಾಂಶಕ್ಕೂ ಅದರದೇ ಗುಪ್ತ ಲೆಕ್ಕವಿತ್ತು. ಒಂದರಲ್ಲಿ ಬೆರಳಚ್ಚಿಸಿದ ಪತ್ರವನ್ನು ಇನ್ನೊಂದರಲ್ಲಿ ತೆರೆದರೆ ಅರ್ಥವಿಲ್ಲದ ಗುರುತುಗಳು ಕಾಣುತ್ತಿದ್ದವು. ಕಂಪ್ಯೂಟರಿನಲ್ಲಿ ಕನ್ನಡವು ಪುಸ್ತಕ ಅಚ್ಚು ಹಾಕುವುದಕ್ಕಷ್ಟೇ ಸೀಮಿತವಾದರೆ ಮುಂದಿನ ಪೀಳಿಗೆ ಅದನ್ನು ಬಿಟ್ಟೇಬಿಡುತ್ತದೆ ಎಂಬುದು ತೇಜಸ್ವಿಯವರ ಕಳವಳವಾಗಿತ್ತು. ಸರ್ಕಾರವನ್ನು ಟೀಕಿಸಿದರು, ತಂತ್ರಜ್ಞರನ್ನು ಹುರಿದುಂಬಿಸಿದರು. ಹಂಪಿಯ ಕನ್ನಡ ವಿಶ್ವವಿದ್ಯಾಲಯ ಹೊರತಂದ ‘ಕುವೆಂಪು ಕನ್ನಡ ತಂತ್ರಾಂಶ’ಕ್ಕೆ ಒತ್ತಾಸೆಯಾಗಿ ನಿಂತರು. ಕೈಕೈಗೂ ಸ್ಮಾರ್ಟ್‌ಫೋನ್ ಬರುವ ಮೊದಲೇ, 2007ರ ಏಪ್ರಿಲ್ 5ರಂದು, ಅವರು ತೀರಿಕೊಂಡರು.

ಇಂದು ಆ ತೊಡಕು ಬಹುಮಟ್ಟಿಗೆ ನೀಗಿದೆ. 1991ರಲ್ಲಿ ಬಂದ ಯೂನಿಕೋಡ್‌ನ ಮೊದಲ ಆವೃತ್ತಿಯಲ್ಲಿಯೇ ಕನ್ನಡಕ್ಕೆ 128 ಸ್ಥಾನಗಳನ್ನು ಮೀಸಲಿಡಲಾಗಿತ್ತು. ಕ್ರಮೇಣ ಎಲ್ಲ ಯಂತ್ರಗಳೂ ಅದನ್ನು ಒಪ್ಪಿಕೊಂಡವು. ಅದರ ಪ್ರಕಾರ ‘ಕ’ ಅಕ್ಷರದ ಸಂಖ್ಯೆ 3221. ಮೂಡಿಗೆರೆಯಲ್ಲಿಯೂ ಅದೇ, ಗಡಹಿಂಗ್ಲಜದಲ್ಲಿಯೂ ಅದೇ. ರಾಜ್ಯಗಳ ನಡುವೆ ಎಳೆದ ಗಡಿ ಆ ಸಂಖ್ಯೆಗೆ ತಿಳಿಯದು.

ಗಡಿಯಾಚೆ ಉಳಿದ ನಮಗೆ ಇದು ಸಣ್ಣ ಮಾತಲ್ಲ. ಇಲ್ಲಿಯ ಕಚೇರಿಯ ಫಲಕಗಳಲ್ಲಿ ಕನ್ನಡ ಸಿಗದಿರಬಹುದು. ಅಂಗೈಯ ಫಲಕದಲ್ಲಿ ಸಿಗುತ್ತದೆ. ಅಲ್ಲಿಯೂ ಬಳಸದಿದ್ದರೆ ಆ ತಪ್ಪು ಯಾವ ಸರ್ಕಾರದ್ದೂ ಅಲ್ಲ, ನಮ್ಮದೇ. ಪಾಲಕರು ಇಂದೇ ಮೊಬೈಲಿನಲ್ಲಿ ಕನ್ನಡ ಕೀಲಿಮಣೆ ತೆರೆಯಲಿ. ಸಂಕೇಶ್ವರದಲ್ಲೋ ನಿಪ್ಪಾಣಿಯಲ್ಲೋ ಇರುವ ಅಜ್ಜಿಗೆ ಮಗು ತನ್ನ ಲಿಪಿಯಲ್ಲಿಯೇ ಕ್ಷೇಮ ಕೇಳಲಿ. ತೇಜಸ್ವಿಯವರಿಗೆ ನಾವು ಸಲ್ಲಿಸಬಹುದಾದ ಗೌರವ ಅದೇ.