ರಾಬರ್ಟ್ ಬ್ರೂಸ್ ಫೂಟರೂ ನಮ್ಮ ನೆಲದ ನಕ್ಷೆಯೂ

ನೆಲವನ್ನು ತಾಯಿಯೆಂದು ಕೈಮುಗಿಯುವ ನಾವು ಆ ತಾಯಿಯ ಮೈಯ ಗುಣದೋಷಗಳನ್ನು ಅರಿಯಲು ಪಟ್ಟ ಶ್ರಮವು ಅತ್ಯಲ್ಪವೆಂಬುದನ್ನು ಒಪ್ಪಿಕೊಳ್ಳಬೇಕು. ಕನ್ನಡನಾಡಿನ ಬಂಡೆ ಗುಡ್ಡಗಳನ್ನು ಹಳ್ಳಿಹಳ್ಳಿಗೂ ಹೋಗಿ ಪರೀಕ್ಷಿಸಿ, ಅವುಗಳ ನಕ್ಷೆಗಳನ್ನು ಮೊದಲಾಗಿ ರಚಿಸಿದವರಲ್ಲಿ ಮುಖ್ಯರಾದವರು ಒಬ್ಬ ಪರದೇಶೀಯರು. ಅವರೇ ರಾಬರ್ಟ್ ಬ್ರೂಸ್ ಫೂಟರು. ಅವರ ಜೀವನದಿಂದ ನಾವು ಕಲಿಯಬೇಕಾದ ಪಾಠವೊಂದು ಇನ್ನೂ ಬಾಕಿ ಇರುವುದರಿಂದ ಅದನ್ನು ಇಲ್ಲಿ ಸಂಕ್ಷೇಪವಾಗಿ ನಿವೇದಿಸುವೆವು.

ಫೂಟರು 1834ನೆಯ ಇಸವಿ ಸೆಪ್ಟೆಂಬರ್ 22ರಂದು ಇಂಗ್ಲೆಂಡಿನ ಚೆಲ್ಟನ್‌ಹ್ಯಾಮ್ ಪಟ್ಟಣದಲ್ಲಿ ಜನಿಸಿದರು. 1851ರಲ್ಲಿ ಕಲ್ಕತ್ತೆಯಲ್ಲಿ ಸ್ಥಾಪಿತವಾಗಿದ್ದ ಭಾರತೀಯ ಭೂಗರ್ಭ ಸರ್ವೇಕ್ಷಣ ಇಲಾಖೆಯನ್ನು 1858ರಲ್ಲಿ ಸೇರಿ ಮದರಾಸು ಪ್ರಾಂತಕ್ಕೆ ನಿಯಮಿತರಾದರು. ಆ ಇಲಾಖೆಯ ಮುಖ್ಯಾಧಿಕಾರಿಗಳಾಗಿದ್ದ ಥಾಮಸ್ ಓಲ್ಡ್‌ಹ್ಯಾಮರು ಈ ದೇಶದ ಭೂಕಂಪಗಳ ಪಟ್ಟಿಯನ್ನು ಸಂಗ್ರಹಿಸಿದ ಪಂಡಿತರು. ಅದು ಅವರ ಮರಣಾನಂತರ, 1883ರಲ್ಲಿ, ಪ್ರಕಟವಾಯಿತು. ಅಂತಹ ಗುರುವಿನ ಕೈಕೆಳಗೆ ಫೂಟರು ಪಳಗಿದರು. ಕೈಯಲ್ಲಿ ಸುತ್ತಿಗೆ, ಹೆಗಲಿಗೆ ಚೀಲ, ಊರ ಹೊರಗೆ ಡೇರೆ: ಮೂವತ್ತಕ್ಕೂ ಮಿಕ್ಕಿದ ವರ್ಷಗಳು ಅವರ ಬಾಳು ಹೀಗೆಯೇ ಸಾಗಿತು.

1863ನೆಯ ಮೇ 30ರಂದು ಮದರಾಸಿನ ಸಮೀಪದ ಪಲ್ಲಾವರದಲ್ಲಿ ಅವರಿಗೆ ಮನುಷ್ಯನ ಕೈಯಿಂದ ಚಕ್ಕೆ ಎಬ್ಬಿಸಿ ರೂಪುಗೊಳಿಸಿದ ಕಲ್ಲೊಂದು ದೊರೆಯಿತು. ಭಾರತದಲ್ಲಿ ಶಿಲಾಯುಗದ ಮಾನವನು ಬಾಳಿದ್ದನೆಂಬುದಕ್ಕೆ ಅದು ಸಾಕ್ಷಿಯಾಯಿತು. ಅಂದಿನಿಂದ ಬಂಡೆಯನ್ನು ನೋಡುವ ಕಣ್ಣಿನೊಡನೆಯೇ ಪುರಾತನ ಮಾನವನ ಕುರುಹನ್ನು ಹುಡುಕುವ ಕಣ್ಣೂ ಅವರಿಗೆ ತೆರೆಯಿತು. ನಮ್ಮ ಹೊನ್ನಾಳಿ ಸೀಮೆಯ ನ್ಯಾಮತಿಯೂ ಅವರು ಇಂತಹ ಕಲ್ಲಿನ ಆಯುಧಗಳನ್ನು ಕಂಡ ಸ್ಥಳಗಳಲ್ಲೊಂದು. ಅವರು ಕೂಡಿಟ್ಟ ಸಂಗ್ರಹವನ್ನು 1904ರಲ್ಲಿ ಮದರಾಸಿನ ಸರ್ಕಾರಿ ವಸ್ತುಸಂಗ್ರಹಾಲಯವು ಕೊಂಡಿತು.

ಅವರ ಉದ್ಯೋಗದ ತಿರುಳು ಮಾತ್ರ ನೆಲದ ನಕ್ಷೆಯೇ ಆಗಿತ್ತು. ಧಾರವಾಡ, ಬೆಳಗಾವಿ, ಕಲಾದಗಿ ಭಾಗಗಳ ಭೂರಚನೆಯನ್ನು ವಿವರಿಸುವ ಅವರ ಗ್ರಂಥವು 1876ರಲ್ಲಿ ಹೊರಬಂದಿತು; ಬಳ್ಳಾರಿ ಜಿಲ್ಲೆಯನ್ನು ಕುರಿತ ಗ್ರಂಥವು 1895ರಲ್ಲಿ. ಈ ಸಂಚಾರಗಳಲ್ಲಿ ಅವರು ಗ್ರಹಿಸಿದ ಒಂದು ಸಂಗತಿಯು ಬಹು ಮಹತ್ತ್ವದ್ದು. ನಮ್ಮ ನಾಡಿನ ಹಳೆಯ ಕಲ್ಲೆಲ್ಲವೂ ಒಂದೇ ಬಗೆಯದಲ್ಲ. ನೈಸ್ ಎಂಬ ಗಡಸು ಕಲ್ಲಿನ ವಿಸ್ತಾರದ ನಡುವೆ ಕಬ್ಬಿಣ, ಮ್ಯಾಂಗನೀಸ್, ಚಿನ್ನಗಳನ್ನು ಒಳಗೊಂಡ ಪದರುಗಲ್ಲಿನ ಉದ್ದುದ್ದನೆಯ ಪಟ್ಟಿಗಳು ಬೇರೆಯಾಗಿ ಇವೆ. ಇವಕ್ಕೆ 1886ರಲ್ಲಿ ಅವರು ಧಾರವಾಡದ ಹೆಸರನ್ನೇ ಇಟ್ಟರು. ಇನ್ನೂರೈವತ್ತು ಕೋಟಿ ವರ್ಷಗಳಿಗೂ ಹಿಂದಿನವು ಎಂದು ಈಗ ಎಣಿಸಲಾಗಿರುವ ಆ ಶಿಲೆಗಳಿಂದಾಗಿ ಕನ್ನಡದ ಊರೊಂದರ ಹೆಸರು ಜಗತ್ತಿನ ಶಾಸ್ತ್ರಗ್ರಂಥಗಳಲ್ಲಿ ನಿಂತಿತು.

ಈ ಶೋಧನೆಗಳ ಹಿಂದಿದ್ದ ಆಸೆ ಯಾವುದು? ಮುಚ್ಚುಮರೆ ಏಕೆ, ಚಿನ್ನದ ಆಸೆ. 1874ರಲ್ಲಿ ಅವರು ಡಂಬಳದ ಗುಡ್ಡಗಳ ಚಿನ್ನವನ್ನು ಕುರಿತು ಬರೆದರು. ಅಲ್ಲಿ ಹಳ್ಳದ ಮರಳನ್ನು ಜಾಲಿಸಿ ಚಿನ್ನದ ಕಣಗಳನ್ನು ತೆಗೆಯುತ್ತಿದ್ದ ಜಾಲಗಾರರ ಅನುಭವವೂ ಅವರಿಗೆ ನೆರವಾಯಿತು. ಅಧಿಕಾರಿಯ ಹೆಸರು ಗ್ರಂಥದ ಮೇಲೆ ಉಳಿಯಿತು; ಆ ಜಾಲಗಾರರ ಹೆಸರುಗಳು ಅಳಿದುಹೋದವು. ಮೈಸೂರಿನ ಚಿನ್ನದ ಸೀಮೆಗಳನ್ನು ಕುರಿತ ಅವರ ಲೇಖನವು 1882ರಲ್ಲಿ ಪ್ರಕಟವಾಯಿತು. ಅವುಗಳಲ್ಲಿ ಹೊನ್ನಾಳಿಯೂ ಒಂದು. 1887ರಲ್ಲಿ ಮೈಸೂರು ಸರ್ಕಾರದವರ ಕೋರಿಕೆಯಂತೆ ಮತ್ತೊಮ್ಮೆ ಸಂಸ್ಥಾನವನ್ನು ಸುತ್ತಿ ವರದಿ ಒಪ್ಪಿಸಿದರು. 1891ರಲ್ಲಿ ಸರ್ವೇಕ್ಷಣ ಇಲಾಖೆಯಿಂದ ನಿವೃತ್ತರಾದ ಮೇಲೆ ಬಡೋದೆಯ ಸಂಸ್ಥಾನದಲ್ಲಿಯೂ ಕೆಲಸಮಾಡಿದರು. 1894ರಲ್ಲಿ, ಶೇಷಾದ್ರಿ ಅಯ್ಯರ್‌ರವರ ದಿವಾನಗಿರಿಯಲ್ಲಿ, ಮೈಸೂರಿನ ಭೂಗರ್ಭ ಇಲಾಖೆಯು ಸ್ಥಾಪಿತವಾದಾಗ ಅದರ ಪ್ರಥಮ ಮುಖ್ಯಸ್ಥರಾದವರೂ ಅವರೇ. ಮುಂದೆ ಏರ್ಕಾಡಿನಲ್ಲಿ ನೆಲೆಸಿ, 1912ನೆಯ ಡಿಸೆಂಬರ್ 29ರಂದು ಕಲ್ಕತ್ತೆಯಲ್ಲಿ ಕಾಲವಾದರು. ಅವರು ಹಾಕಿದ ತಳಹದಿಯ ಮೇಲೆ ಸಂಪತ್ ಅಯ್ಯಂಗಾರ್, ಬಿ. ಜಯರಾಮ್, ಬಿ. ರಾಮರಾವ್ ಮುಂತಾದ ನಮ್ಮವರೇ ಕಟ್ಟಡವನ್ನು ಎಬ್ಬಿಸಿದರು.

ಹೊನ್ನಾಳಿಯ ಚಿನ್ನವು ಕೋಲಾರದ ಚಿನ್ನದಂತೆ ಕೈಗೆ ಹತ್ತಲಿಲ್ಲ. ಕೋಲಾರದ ಗಣಿಯಾದರೂ 2001ರಲ್ಲಿ ಮುಚ್ಚಿತು. ಆದರೆ ಚಿನ್ನಕ್ಕಾಗಿ ಬರೆದ ನಕ್ಷೆ ಉಳಿದಿದೆ. ನಮ್ಮ ವಾಚಕರ ಮುಂದೆ ಇಡಬೇಕಾದ ಮಾತು ಇದೇ. ನಕ್ಷೆಯು ಕೇಳಿದ ಪ್ರಶ್ನೆಗೆ ಮಾತ್ರ ಉತ್ತರ ಕೊಡುತ್ತದೆ. ಭೂಮಿಯಲ್ಲಿ ಬೆಲೆಬಾಳುವುದು ಎಲ್ಲಿದೆಯೆಂದು ಅಂದಿನ ಪ್ರಭುಗಳು ಕೇಳಿದರು, ಉತ್ತರ ದೊರೆಯಿತು. ಭೂಮಿಯಲ್ಲಿ ಅಪಾಯ ಎಲ್ಲಿದೆಯೆಂದು ಪ್ರಜೆಗಳಾದ ನಾವು ಕೇಳಬೇಡವೆ?

ಜಗಳೂರನ್ನು ನೋಡಿರಿ. ಮಳೆ ಕಡಮೆಯ ಆ ಸೀಮೆಯಲ್ಲಿ ನೀರಿಗಾಗಿ ಕೊಳವೆ ಬಾವಿಯನ್ನು ಆಳಕ್ಕೆ, ಇನ್ನೂ ಆಳಕ್ಕೆ ಇಳಿಸುವುದು ವಾಡಿಕೆಯಾಯಿತು. ಅಲ್ಲಿನ ಗ್ರಾನೈಟ್ ಮತ್ತು ನೈಸ್ ಕಲ್ಲುಗಳ ಕೆಲವು ಖನಿಜಗಳಲ್ಲಿ ಫ್ಲೋರೈಡ್ ಇರುತ್ತದೆ. ಬಿರುಕುಗಳಲ್ಲಿ ಬಹುಕಾಲ ನಿಂತ ನೀರು ಅದನ್ನು ಕರಗಿಸಿಕೊಳ್ಳುತ್ತದೆ. ಒಂದು ಲೀಟರಿನಲ್ಲಿ ಅದು 1.5 ಮಿಲಿಗ್ರಾಂ ಮೀರಿದರೆ ಕುಡಿಯಲು ಯೋಗ್ಯವಲ್ಲ. ಅಂತಹ ನೀರನ್ನೇ ಕುಡಿದು ಬೆಳೆದ ಮಕ್ಕಳ ಹಲ್ಲು ಕಂದುಗಟ್ಟುತ್ತದೆ. ವರ್ಷಗಳು ಕಳೆದಂತೆ ಕೀಲುಗಳು ಬಿಗಿದು ದುಡಿಯುವ ಬೆನ್ನು ಬಾಗುತ್ತದೆ. ಬಣ್ಣವಿಲ್ಲ, ವಾಸನೆಯಿಲ್ಲ, ರುಚಿಯಿಂದಲೂ ತಿಳಿಯದು. ಒಂದು ಬಾವಿಯ ನೀರು ಒಳ್ಳೆಯದಿದ್ದು ಪಕ್ಕದ ಬಾವಿಯ ನೀರು ಕೆಟ್ಟದ್ದಿರಬಹುದು. ಇಂತಹ ಶತ್ರುವನ್ನು ಹಿಡಿಯುವ ಉಪಾಯ ಒಂದೇ: ಬಾವಿಬಾವಿಯ ನೀರನ್ನೂ ಪರೀಕ್ಷಿಸಿ, ಕಲ್ಲಿನ ನಕ್ಷೆಯ ಮೇಲೆ ಗುರುತಿಡುವುದು.

ಹೊನ್ನಾಳಿಯಲ್ಲಿ ಅಪಾಯದ ಮುಖ ಬೇರೆ. ಮಳೆಗಾಲದಲ್ಲಿ ತುಂಗಭದ್ರೆ ತುಂಬಿದರೆ ದಡದ ತಗ್ಗಿನ ಮನೆಗಳಿಗೆ ನೀರು ನುಗ್ಗುವುದು. ನದಿಯು ಹಿಂದೆ ಹರಡಿದ್ದ ಎಡೆಯನ್ನು ಅದು ಬಿಟ್ಟುಹೋದ ಮೆಕ್ಕಲು ಮಣ್ಣೇ ತೋರಿಸುತ್ತದೆ. ಅದನ್ನು ಓದಿ ಮನೆಯ ನಿವೇಶನ ಹಂಚಿದರೆ ಬಡವನ ಮನೆ ಉಳಿಯುತ್ತದೆ. ಚನ್ನಗಿರಿಯ ಸೂಳೆಕೆರೆಯನ್ನಾದರೂ ನೋಡಿರಿ. ಹರಿದ್ರಾ ಹಳ್ಳಕ್ಕೆ ಎರಡು ಗುಡ್ಡಗಳ ಕಣಿವೆಯಲ್ಲಿ ಏರಿ ಕಟ್ಟಿದ ಪೂರ್ವಿಕರು ಯಾವ ಇಲಾಖೆಯನ್ನೂ ಕಂಡವರಲ್ಲ. ಆದರೆ ನೆಲವನ್ನು ಓದಬಲ್ಲವರಾಗಿದ್ದರೆಂಬುದಕ್ಕೆ ಶತಮಾನಗಳು ನಿಂತಿರುವ ಆ ಏರಿಯೇ ಸಾಕ್ಷಿ. ಈ ವಿದ್ಯೆ ನಮಗೆ ಹೊಸದೇನೂ ಅಲ್ಲ, ನಡುವೆ ಮರೆತದ್ದು.

ದಖ್ಖನಿನ ನೆಲ ಅಚಲವೆಂದು ನಂಬಿ ಕುಳಿತವರಿಗೆ 1967ರಲ್ಲಿ ಕೊಯ್ನಾವೂ 1993ರಲ್ಲಿ ಲಾತೂರೂ ಬುದ್ಧಿ ಕಲಿಸಿದವು. 2018ರಲ್ಲಿ ಕೊಡಗಿನ ಗುಡ್ಡಗಳು ಕುಸಿದವು. 2024ರ ಜುಲೈ 16ರಂದು ಅಂಕೋಲೆಯ ಶಿರೂರಿನಲ್ಲಿ ಹೆದ್ದಾರಿಯ ಮೇಲೆಯೇ ಗುಡ್ಡ ಜರಿದು ಜೀವಗಳು ಹೋದವು. ಫೂಟರು ಸೇರಿದ್ದ ಅದೇ ಸರ್ವೇಕ್ಷಣ ಇಲಾಖೆಯು 2014ರಲ್ಲಿ ದೇಶದ ಭೂಕುಸಿತದ ಸೀಮೆಗಳ ನಕ್ಷೆ ಬರೆಯುವ ಕಾರ್ಯವನ್ನು ಕೈಗೊಂಡದ್ದು ಶ್ಲಾಘ್ಯವೇ ಸರಿ. ಆದರೆ ಕಪಾಟಿನಲ್ಲಿ ಮಲಗಿದ ನಕ್ಷೆ ಯಾರನ್ನೂ ಕಾಯದು. ಅದು ಕನ್ನಡದಲ್ಲಿ ಅಚ್ಚಾಗಿ ತಾಲ್ಲೂಕು ಕಚೇರಿಯ ಗೋಡೆಯ ಮೇಲೆ ತೂಗಬೇಕು. ಶಾಲೆಯ ಮಕ್ಕಳು ಅದನ್ನು ಓದಲು ಕಲಿಯಬೇಕು. ಬಾವಿ ತೋಡಿಸುವ ರೈತನೂ, ಗುಡ್ಡ ಕಡಿದು ರಸ್ತೆ ಮಾಡುವ ಗುತ್ತಿಗೆದಾರನೂ, ನಿವೇಶನ ಹಂಚುವ ಪಂಚಾಯತಿಯೂ ಅದನ್ನು ನೋಡಿಯೇ ಮುಂದುವರಿಯಬೇಕು.

ಪರದೇಶದಿಂದ ಬಂದ ಒಬ್ಬರು, ತಮ್ಮ ಸರ್ಕಾರದ ಸೇವೆಯಲ್ಲಿ, ನಮ್ಮ ನೆಲವನ್ನು ಇಷ್ಟು ಶ್ರದ್ಧೆಯಿಂದ ತಿಳಿದರು. ಅವರ ಒಡೆಯರ ಉದ್ದೇಶವನ್ನು ನಾವು ಹೊಗಳಬೇಕಾಗಿಲ್ಲ. ಅವರ ಶ್ರದ್ಧೆಯನ್ನು ಮರೆಯಲೂ ಬಾರದು. ಅವರು ಸುತ್ತಿಗೆಯಿಂದ ತಟ್ಟಿ ನೋಡಿದ ಬಂಡೆಗಳು ಇಂದು ನಮ್ಮವು. ಅವುಗಳ ನಡುವೆ ಬಾಳುವ ಜನರೂ ನಮ್ಮವರೇ. ಚಿನ್ನದ ಆಸೆಗೆ ಅಷ್ಟು ದುಡಿಮೆ ಸಂದಿರುವಾಗ, ಜಗಳೂರಿನ ಕೂಸಿನ ಕೊಡ ನೀರಿಗಾಗಿ ಅದರ ಅರ್ಧದಷ್ಟಾದರೂ ಸಲ್ಲುವಂತೆ ಮಾಡುವ ಹೊಣೆ ಸರ್ಕಾರದ್ದು, ಮತ್ತು ಅದನ್ನು ಕೇಳಿ ಪಡೆಯುವ ಹೊಣೆ ನಮ್ಮದು.